ಕೀಬೋರ್ಡ್ ಇರುವ ಹಳೇ ಫೋನಿಗೆ ಹೊಸ ಓಎಸ್ ಹಾಕಬಹುದಾ?

ಪ್ರಶ್ನೆ: ನನ್ನ ಹತ್ತಿರ ಬ್ಲ್ಯಾಕ್‌ಬೆರಿ ಕೀವನ್ ಇದೆ. ಕೀಬೋರ್ಡ್ ಇನ್ನೂ ಗಟ್ಟಿಮುಟ್ಟಾಗಿದೆ, ಆದರೆ ಆಂಡ್ರಾಯ್ಡ್ 8.1ಕ್ಕೇ ನಿಂತುಬಿಟ್ಟಿದೆ. ಆಂಡ್ರಾಯ್ಡನ್ನೇ ಆಧರಿಸಿ ಸ್ವಯಂಸೇವಕರು ಕಟ್ಟುವ ಲಿನಿಯೇಜ್ ಓಎಸ್ ಹಾಕಬಹುದಾ?

ಉತ್ತರ: ಆಗುವುದಿಲ್ಲ. ಬೇಜಾರಿನ ಸಂಗತಿ, ಆದರೆ ಸುಮ್ನೆ ಆಸೆ ಹುಟ್ಟಿಸುವುದು ಬೇಡ. ಫೋನ್ ಆನ್ ಆದಾಗ ಮೊದಲು ಏಳುವುದು ಬೂಟ್‌ಲೋಡರ್, ಅಂದರೆ ಓಎಸ್ಸನ್ನು ಎಬ್ಬಿಸುವ ಪ್ರೋಗ್ರಾಂ. ಕೀವನ್‌ನಲ್ಲಿ ಅದಕ್ಕೆ ಬೀಗ ಹಾಕಿದ್ದಾರೆ. ಕಂಪನಿಯ ಡಿಜಿಟಲ್ ಸಹಿ ಇಲ್ಲದ ಓಎಸ್ ಸಿಕ್ಕರೆ ಅದು ಮುಂದಕ್ಕೇ ಬಿಡುವುದಿಲ್ಲ. ಬ್ಲ್ಯಾಕ್‌ಬೆರಿಯ ಪ್ರಿವ್, ಕೀ2 ಫೋನುಗಳ ಕಥೆಯೂ ಇದೇ. ಸುರಕ್ಷತೆಯ ಹೆಸರಲ್ಲೇ ಮಾರಿದ ಫೋನುಗಳು ಅಲ್ವಾ! ‘ಅನ್‌ಲಾಕ್ ಮಾಡಿಕೊಡ್ತೀವಿ’ ಎಂದು ಯಾರಾದರೂ ದುಡ್ಡು ಕೇಳಿದರೆ ಕೊಡಬೇಡಿ.

ತಮಾಷೆ ಎಂದರೆ, ಇದಕ್ಕಿಂತ ತುಂಬಾ ಹಳೆಯದಾದ 2009ರ ನೋಕಿಯಾ ಎನ್900ಗೆ ಇವತ್ತಿಗೂ ಹೊಸ ಓಎಸ್ ಹಾಕಬಹುದು. ಅದರ ಮೂಲ ಓಎಸ್ ಮೇಮೋ 5, ಒಳಗೆ ಲಿನಕ್ಸ್. ಈಗ ಮೇಮೋ ಲೆಸ್ಟೆ ಅಥವಾ ಪೋಸ್ಟ್‌ಮಾರ್ಕೆಟ್ ಓಎಸ್ ಎಂಬ ಲಿನಕ್ಸ್ ಓಎಸ್‌ಗಳನ್ನು ಹಾಕುತ್ತಾರೆ. ಹಳೆಯದನ್ನು ಅಳಿಸಬೇಕಾಗಿಯೂ ಇಲ್ಲ. ಹೊಸ ಓಎಸ್ಸನ್ನು ಮೈಕ್ರೋ ಎಸ್‌ಡಿ ಕಾರ್ಡಿಗೆ ಬರೆದು, ಫೋನಿಗೆ ಯು-ಬೂಟ್ ಎಂಬ ಪುಟ್ಟ ಪ್ರೋಗ್ರಾಂ ಹಾಕಿದರೆ ಸಾಕು. ಆಮೇಲೆ ಕೀಬೋರ್ಡ್ ಹೊರಗೆ ಜಾರಿಸಿ ಆನ್ ಮಾಡಿದರೆ ಕಾರ್ಡಿನ ಓಎಸ್ ಏಳುತ್ತದೆ, ಮುಚ್ಚಿಟ್ಟು ಆನ್ ಮಾಡಿದರೆ ಹಳೇ ಮೇಮೋ. ಹಿಂದಿನ ಮುಚ್ಚಳ ಮಾತ್ರ ಸರಿಯಾಗಿ ಕೂತಿರಲಿ. ಅದು ತೆಗೆದಿದೆ ಎಂದು ಗೊತ್ತಾದರೆ ಫೋನು ಕಾರ್ಡನ್ನೇ ಕೈಬಿಡುತ್ತದೆ. ಏನಾದರೂ ಎಡವಟ್ಟಾದರೆ ‘ಯು’ ಕೀಲಿ ಒತ್ತಿ ಹಿಡಿದು ಯುಎಸ್‌ಬಿ ಕೇಬಲ್ ಚುಚ್ಚಿ, ಕಂಪ್ಯೂಟರಿನಿಂದ ಮೂಲ ಓಎಸ್ ಮತ್ತೆ ತುಂಬಬಹುದು. ಆ ಯುಎಸ್‌ಬಿ ಪೋರ್ಟ್ ಸ್ವಲ್ಪ ನಾಜೂಕು, ಎಳೆದಾಡಿದರೆ ಬೋರ್ಡಿನಿಂದ ಕಿತ್ತು ಬರುತ್ತದೆ.

ಆದರೆ 256 ಎಂಬಿ ರ‍್ಯಾಮ್‌ನಲ್ಲಿ ಇವತ್ತಿನ ವೆಬ್‌ಸೈಟುಗಳು ಏದುಸಿರು ಬಿಡುತ್ತವೆ. 4ಜಿ ಇಲ್ಲ, ಹಾಗಾಗಿ ಜಿಯೋ ಸಿಮ್ ನಡೆಯುವುದಿಲ್ಲ. ಟರ್ಮಿನಲ್‌ನಲ್ಲಿ (ಆಜ್ಞೆಗಳನ್ನು ಟೈಪ್ ಮಾಡುವ ಕಿಟಕಿ) ಕೈಯಾಡಿಸುವವರಿಗೆ, ಟಿಪ್ಪಣಿ ಬರೆಯುವವರಿಗೆ ಇದು ಸಾಕು.

ಅಮೆರಿಕದಲ್ಲಿ ಮಾರಾಟವಾಗುತ್ತಿದ್ದ, ಕೀಬೋರ್ಡ್ ಇರುವ ಮೊಟೊರೊಲಾ ಡ್ರಾಯ್ಡ್ 4ಕ್ಕೆ ಬೀಗ ಇದ್ದರೂ ಜನ ಸುತ್ತುದಾರಿ ಹುಡುಕಿದ್ದಾರೆ: ಕಂಪನಿಯ ಕರ್ನಲ್ (ಓಎಸ್‌ನ ತಿರುಳು) ಮೊದಲು ಏಳುತ್ತದೆ, ಅದರ ಬೆನ್ನಿಗೇ ಕೆಎಕ್ಸೆಕ್ ಎಂಬ ಲಿನಕ್ಸ್ ಸೌಲಭ್ಯದ ಮೂಲಕ ಹೊಸ ಕರ್ನಲ್ ಬಂದು ಕೂರುತ್ತದೆ. ನಿಮಗೆ ಲಿನಿಯೇಜ್ ಓಎಸ್ಸೇ ಬೇಕು, ದಿನಬಳಕೆಗೂ ಆಗಬೇಕು ಎಂದರೆ ಕೀಬೋರ್ಡ್ ಇರುವ 2019ರ ಎಫ್‌ಎಕ್ಸ್‌ಟೆಕ್ ಪ್ರೊ1 ಫೋನ್ ಹುಡುಕಿ. ಅದರ ಬೂಟ್‌ಲೋಡರ್ ತೆರೆಯಬಹುದು. ತೆರೆಯುವಾಗ ಫೋನಿನಲ್ಲಿರುವುದೆಲ್ಲ ಅಳಿಸಿಹೋಗುತ್ತದೆ, ಫೋಟೋಗಳನ್ನು ಮೊದಲೇ ಬೇರೆ ಕಡೆ ಇಟ್ಟುಕೊಳ್ಳಿ. ಕೆಲವು ಬ್ಯಾಂಕ್ ಆ್ಯಪ್‌ಗಳು ಇಂಥ ಫೋನಿನಲ್ಲಿ ತಕರಾರು ಮಾಡುತ್ತವೆ. ಯುಪಿಐಗೆ ಬೇರೆ ಫೋನ್ ಇರಲಿ.