ಕ್ಯಾಮೆರಾ ಹಿಡಿಯದವರು ನಿರ್ದೇಶಕಿ ಆಗಿದ್ದು ಹೇಗೆ?

ರೋಲಿಂಗ್ ಸ್ಟೋನ್ಸ್ ರಾಕ್ ತಂಡದ ಗಾಯಕ ಮಿಕ್ ಜಾಗರ್ ಒಂದು ಪುಟ್ಟ ಪರದೆ ಎದುರು ಕೂತಿದ್ದಾರೆ. ವೇದಿಕೆ ಮೇಲಲ್ಲ, ಎಡಿಟಿಂಗ್ ರೂಮಿನಲ್ಲಿ. ಪರದೆಯಲ್ಲಿ ಓಡುತ್ತಿರುವುದು ಅವರದ್ದೇ ಕಾರ್ಯಕ್ರಮ, 1969ರ ಡಿಸೆಂಬರ್ 6ರಂದು ಕ್ಯಾಲಿಫೋರ್ನಿಯಾದ ಆಲ್ಟಮಾಂಟ್‌ನಲ್ಲಿ ನಡೆದದ್ದು. ಜನರ ನಡುವೆ ಏನೋ ಗಲಾಟೆ. ಅದನ್ನೇ ಹಿಂದಕ್ಕೆ ತಿರುಗಿಸಿ ನಿಧಾನಕ್ಕೆ ಓಡಿಸಿದಾಗ, ಒಬ್ಬ ಹುಡುಗಿಯ ಕ್ರೋಶಾ (ನೂಲಿನಿಂದ ಹೆಣೆದ) ಉಡುಪಿನ ಮೇಲೆ ಪಿಸ್ತೂಲಿನ ಆಕಾರ ಕಾಣುತ್ತದೆ, ಅದನ್ನು ಹಿಡಿದ ಯುವಕನ ಮೇಲೆ ಚಾಕು ಎರಗುತ್ತದೆ. ಜಾಗರ್ ಸುಮ್ನೆ ನೋಡುತ್ತಾರೆ.

'ಗಿಮ್ಮೀ ಶೆಲ್ಟರ್' ಸಾಕ್ಷ್ಯಚಿತ್ರದ ಈ ದೃಶ್ಯದಲ್ಲಿ ನಮಗೆ ನಿಜವಾಗಿ ಕಾಣುವುದು ಎಡಿಟರ್ ಕೆಲಸ ಮಾಡುವ ಜಾಗ. ರೋಲಿಂಗ್ ಸ್ಟೋನ್ಸ್‌ನವರನ್ನೇ ಕರೆಸಿ, ಅವರು ಫೂಟೇಜ್ ನೋಡುವುದನ್ನು ಶೂಟ್ ಮಾಡೋಣ ಎಂಬ ಯೋಚನೆ ಶಾರ್ಲೆಟ್ ಜ್ವೆರಿನ್ ಅವರದ್ದು. ಕ್ಯಾಮೆರಾ ಹಿಡಿದವರು ಆಲ್ಬರ್ಟ್ ಮೇಸಲ್ಸ್ ಮತ್ತು ಅವರ ತಂಡ, ಧ್ವನಿ ನೋಡಿಕೊಂಡವರು ತಮ್ಮ ಡೇವಿಡ್. ಜ್ವೆರಿನ್ ಎಡಿಟರ್. ಆದರೂ 1970ರಲ್ಲಿ ಚಿತ್ರ ಬಂದಾಗ ಟೈಟಲ್‌ನಲ್ಲಿ ನಿರ್ದೇಶಕರಾಗಿ ಅಣ್ಣತಮ್ಮಂದಿರ ಪಕ್ಕದಲ್ಲಿ ಅವರ ಹೆಸರೂ ಇತ್ತು.

ಎಡಿಟರ್‌ಗೆ ನಿರ್ದೇಶಕರ ಹೆಸರು ಸಿಕ್ಕಿದ್ದು ಇದು ಮೊದಲ ಸಲವೇನಲ್ಲ. 1958ರ ನ್ಯೂಪೋರ್ಟ್ ಜಾಝ್ ಉತ್ಸವವನ್ನು ಚಿತ್ರೀಕರಿಸಿದ ಬರ್ಟ್ ಸ್ಟರ್ನ್ ಮೂಲತಃ ಸ್ಟಿಲ್ ಫೋಟೋಗ್ರಾಫರ್. ಆ ಚಿತ್ರವನ್ನು ಎಡಿಟ್ ಮಾಡಿದ ಆರಮ್ ಅವಾಕಿಯನ್ ಅವರನ್ನೂ ಸಹ ನಿರ್ದೇಶಕ ಎಂದೇ ಗುರುತಿಸುತ್ತಾರೆ. ಆಮೇಲೆ ಅವರು ಕಥಾಚಿತ್ರಗಳನ್ನೂ ನಿರ್ದೇಶಿಸಿದರು.

ಯಾಕೆ ಹೀಗೆ? 1960ರ ಹೊತ್ತಿಗೆ ಹೆಗಲ ಮೇಲೆ ಹೊತ್ತು ಓಡಾಡುವಂಥ 16 ಎಂಎಂ ಕ್ಯಾಮೆರಾ ಬಂತು, ಅದರ ಜೊತೆಗೇ ಓಡುವ ಟೇಪ್ ರೆಕಾರ್ಡರ್ ಬಂತು. ಸ್ಕ್ರಿಪ್ಟ್ ಇಲ್ಲದೆ, ಆಗಿದ್ದನ್ನು ಆದ ಹಾಗೆ ಶೂಟ್ ಮಾಡುವ ರೂಢಿ ಬೆಳೆಯಿತು. ಕಥೆ ಎಲ್ಲಿದೆ ಅಂತ ಹುಡುಕುವ ಕೆಲಸ ಪೂರ್ತಿ ಎಡಿಟರ್ ತಲೆ ಮೇಲೆ ಬಿತ್ತು. ಬೈಬಲ್ ಮಾರುವ ನಾಲ್ವರ ಬಗ್ಗೆ ಮೇಸಲ್ಸ್ ತಂಡ ಮಾಡಿದ 'ಸೇಲ್ಸ್‌ಮನ್' ಚಿತ್ರವನ್ನೇ ನೋಡಿ. ನಾಲ್ವರಿಗೂ ಸಮಪಾಲು ಕೊಡಲು ಹೋಗಿ ಅದು ಕೂಡಿಬರಲಿಲ್ಲ. ಇದು ಸೋಲುತ್ತಿರುವ ಪಾಲ್ ಒಬ್ಬನ ಕಥೆ ಅಂತ ಗೊತ್ತಾಗಿದ್ದೇ ಎಡಿಟಿಂಗ್ ಟೇಬಲ್ ಮುಂದೆ. ಅಲ್ಲೂ ಜ್ವೆರಿನ್ ಹೆಸರು ನಿರ್ದೇಶಕರ ಸಾಲಿನಲ್ಲಿದೆ.

ಸಂಗೀತವಿದ್ದರೆ ಕಷ್ಟ ಇನ್ನೂ ಜಾಸ್ತಿ. 400 ಅಡಿಯ ಒಂದು ರೀಲ್ ಓಡುವುದು ಸುಮಾರು 11 ನಿಮಿಷ, ಅಷ್ಟೆ. ಹಾಡು ಅದಕ್ಕಾಗಿ ಕಾಯುತ್ತದಾ? ಒಂದು ಕ್ಯಾಮೆರಾ ಖಾಲಿಯಾದಾಗ ಇನ್ನೊಂದರ ಶಾಟ್ ಹಾಕಬೇಕು, ಅದರಲ್ಲಿ ಡ್ರಮ್ಮರ್ ಬಾರಿಸುವ ಕೈ, ಕಿವಿಗೆ ಪೆಟ್ಟು ಕೇಳುವ ಕ್ಷಣಕ್ಕೆ ಸರಿಯಾಗಿ ಬೀಳಬೇಕು. ಒಂದೆರಡು ಫ್ರೇಮ್ ಹೆಚ್ಚುಕಮ್ಮಿಯಾದರೂ ಏನೋ ಸರಿಯಿಲ್ಲ ಅಂತ ಕಣ್ಣಿಗೆ ಅನಿಸಿಬಿಡುತ್ತದೆ. 1972ರಲ್ಲಿ ಲಾಸ್ ಏಂಜಲೀಸ್‌ನ ಚರ್ಚೊಂದರಲ್ಲಿ ಗಾಯಕಿ ಅರೀಥಾ ಫ್ರಾಂಕ್ಲಿನ್ ಹಾಡಿದ್ದನ್ನು ನಿರ್ದೇಶಕ ಸಿಡ್ನಿ ಪೊಲಾಕ್ ಚಿತ್ರೀಕರಿಸಿದರು, ಆದರೆ ಶಾಟ್ ಮತ್ತು ಧ್ವನಿ ಹೊಂದಿಸಲು ಗುರುತಾಗಿ ಹೊಡೆಯುವ ಕ್ಲ್ಯಾಪ್ ಹೊಡೆದಿರಲಿಲ್ಲ. ಯಾವ ಶಾಟಿಗೆ ಯಾವ ಧ್ವನಿ ಅಂತ ಹೊಂದಿಸುವುದೇ ದೊಡ್ಡ ತಲೆನೋವಾಯಿತು. ಆ ಚಿತ್ರ ಜನರ ಮುಂದೆ ಬಂದದ್ದು 2018ರಲ್ಲಿ! ಅರೀಥಾ ಅವರ ಕಾನೂನು ತಕರಾರೂ ಮಧ್ಯೆ ಇತ್ತು ಅನ್ನಿ.

ಹಾಗಂತ ಎಲ್ಲ ಎಡಿಟರ್‌ಗಳಿಗೂ ಈ ಗೌರವ ಸಿಕ್ಕಿತಾ? ಇಲ್ಲ. ಅದೇ 1970ರಲ್ಲಿ ಸಂಗೀತ ಉತ್ಸವವೊಂದರ ಬಗ್ಗೆ 'ವುಡ್‌ಸ್ಟಾಕ್' ಚಿತ್ರ ಬಂತು. ಪರದೆಯನ್ನು ಎರಡು ಮೂರು ಭಾಗ ಮಾಡಿ ತೋರಿಸಿದ ಆ ಎಡಿಟಿಂಗ್‌ಗೆ ಥೆಲ್ಮಾ ಸ್ಕೂನ್‌ಮೇಕರ್ ಆಸ್ಕರ್ ನಾಮನಿರ್ದೇಶನ ಪಡೆದರು. ನಿರ್ದೇಶಕರಾಗಿ ಮಾತ್ರ ಮೈಕಲ್ ವಾಡ್ಲೆ ಒಬ್ಬರದ್ದೇ ಹೆಸರು. ಇಂಥ ಕಡೆ ಒಂದು ನಿಯಮ ಅಂತೇನೂ ಇರಲಿಲ್ಲ. ನನಗನಿಸುವುದು, ಜ್ವೆರಿನ್‌ಗೆ ಸಿಕ್ಕಿದ್ದು ಪುಕ್ಕಟೆ ದೊಡ್ಡತನವಲ್ಲ, ಮಾಡಿದ ಕೆಲಸಕ್ಕೆ ಸರಿಯಾದ ಹೆಸರು.

ಮುಂದೆ ಅವರು ಸ್ವತಂತ್ರವಾಗಿ ನಿರ್ದೇಶನಕ್ಕೆ ಇಳಿದರು. ಜಪಾನಿನ ಸಂಗೀತ ಸಂಯೋಜಕ ತೋರು ತಾಕೆಮಿತ್ಸು ಬಗ್ಗೆ, ಜಾಝ್ ಗಾಯಕಿ ಎಲ್ಲಾ ಫಿಟ್ಜ್‌ಜೆರಾಲ್ಡ್ ಬಗ್ಗೆ ಚಿತ್ರ ಮಾಡಿದರು. 2004ರಲ್ಲಿ ತೀರಿಕೊಂಡರು. ಆದರೆ ನನ್ನ ಮಟ್ಟಿಗೆ ಅವರ ದೊಡ್ಡ ಕೆಲಸ 1988ರ ಥೆಲೋನಿಯಸ್ ಮಾಂಕ್ ಚಿತ್ರ. ಜಾಝ್ ಪಿಯಾನೋ ವಾದಕ ಮಾಂಕ್ 1982ರಲ್ಲೇ ತೀರಿಕೊಂಡಿದ್ದರು. 1967-68ರಲ್ಲಿ ಬ್ಲ್ಯಾಕ್‌ವುಡ್ ಸಹೋದರರು ಜರ್ಮನ್ ಟಿವಿಗಾಗಿ ಅವರ ಹಿಂದೆಯೇ ಸುತ್ತಿ ಶೂಟ್ ಮಾಡಿದ್ದ ಸುಮಾರು 14 ಗಂಟೆಯ ಫೂಟೇಜ್ ಹಾಗೇ ಉಳಿದಿತ್ತು. ಹಾಲಿವುಡ್ ನಟ, ನಿರ್ದೇಶಕ ಕ್ಲಿಂಟ್ ಈಸ್ಟ್‌ವುಡ್ ಬೆಂಬಲಕ್ಕೆ ನಿಂತರು. ಜ್ವೆರಿನ್ ಹತ್ತಿರದವರ ಸಂದರ್ಶನ ಮಾಡಿ ಸೇರಿಸಿದರು. ಅದರಲ್ಲೊಂದು ಕಡೆ ಮಾಂಕ್ ವಿಮಾನ ನಿಲ್ದಾಣದಲ್ಲಿ ನಿಂತಲ್ಲೇ ಗಿರಗಿರ ಸುತ್ತುತ್ತಾರೆ, ಯಾರ ಗೊಡವೆಯೂ ಇಲ್ಲದೆ. 20 ವರ್ಷ ಹಿಂದೆ ಬೇರೆ ಯಾರೋ ತೆಗೆದ ಶಾಟ್ ಅದು. ನಿರ್ದೇಶನ ಎಂಬಲ್ಲಿ ಈ ಸಲ ಇರುವುದು ಒಂದೇ ಹೆಸರು, ಶಾರ್ಲೆಟ್ ಜ್ವೆರಿನ್.