ಫೋಗೊ ದ್ವೀಪದಿಂದ ಶರಾವತಿ ಹಿನ್ನೀರಿಗೆ: ಸಾಕ್ಷ್ಯಚಿತ್ರದ ಒಂದು ಪಾಠ

‘ಸಾಕ್ಷ್ಯಚಿತ್ರ ಸಾಮಾಜಿಕ ನ್ಯಾಯದ ಹತಾರ’ ಎಂದು ಪರೀಕ್ಷೆಯಲ್ಲಿ ಬರೆದರೆ ಅಂಕವೇನೋ ಬರುತ್ತದೆ. ಹತಾರ ಯಾರ ಕೈಯಲ್ಲಿರುತ್ತದೆ ಎಂಬುದನ್ನು ಮಾತ್ರ ನಾವು ಕೇಳಿಕೊಳ್ಳುವುದಿಲ್ಲ. ಅದಕ್ಕೆ ಓದಬೇಕಾದದ್ದು ಕೆನಡಾದ ಫೋಗೊ ದ್ವೀಪದ ಪ್ರಯೋಗ.

ಅಲ್ಲಿ ಮೀನುಗಾರಿಕೆ ಸೊರಗಿತ್ತು. ದ್ವೀಪದವರನ್ನು ಎಬ್ಬಿಸಿ ಬೇರೆ ಕಡೆ ಕೂರಿಸುವ ಮಾತು ಸರ್ಕಾರದಲ್ಲಿ ನಡೆದಿತ್ತು. 1967ರಲ್ಲಿ ಅಲ್ಲಿಗೆ ಹೋದ ನಿರ್ದೇಶಕ ಕಾಲಿನ್ ಲೋ ಒಂದು ದೊಡ್ಡ ಚಿತ್ರ ಮಾಡಲಿಲ್ಲ. 20ಕ್ಕೂ ಹೆಚ್ಚು ಕಿರುಚಿತ್ರ ಮಾಡಿದರು. ಒಂದೊಂದರಲ್ಲಿ ಒಬ್ಬರೇ, ಇಲ್ಲವೇ ಒಂದೇ ವಿಷಯ. ಇಬ್ಬರ ಮಾತನ್ನು ಕತ್ತರಿಸಿ ಎದುರುಬದುರು ಅಂಟಿಸಿದರೆ ಜಗಳ ಹಚ್ಚಿದವನು ಸಂಕಲನಕಾರ, ಅನುಭವಿಸುವವರು ಊರವರು. ಚಿತ್ರಗಳನ್ನು ಮೊದಲು ದ್ವೀಪದವರಿಗೇ ತೋರಿಸಿದರು. ಒಂದೂರಿನ ಕಷ್ಟ ಇನ್ನೊಂದೂರಿಗೆ ಗೊತ್ತಾದದ್ದೇ ಆಗ. ಆಮೇಲೆ ಅಧಿಕಾರಿಗಳಿಗೆ ತೋರಿಸಿದರು. ಮಂತ್ರಿಯ ಉತ್ತರವನ್ನೂ ಚಿತ್ರೀಕರಿಸಿ ದ್ವೀಪಕ್ಕೆ ತಂದರು. ಜನ ಸಹಕಾರ ಸಂಘ ಕಟ್ಟಿಕೊಂಡು ಅಲ್ಲೇ ಉಳಿದರು. ಚಿತ್ರವೊಂದರಿಂದಲೇ ಹೀಗಾಯಿತು ಅನ್ನಬೇಡಿ, ಅದು ಉತ್ಪ್ರೇಕ್ಷೆ.

ಈಗ ನಮ್ಮ ಕಡೆ ಬನ್ನಿ. ಶರಾವತಿಗೆ ಕಟ್ಟಿದ 1964ರ ಲಿಂಗನಮಕ್ಕಿ ಅಣೆಕಟ್ಟೆಗಾಗಿ ಮನೆ-ಗದ್ದೆ ಬಿಟ್ಟು ಬಂದವರನ್ನು ಎಷ್ಟೋ ಕಡೆ ಕಾಡಿನ ಜಾಗದಲ್ಲಿ ಕೂರಿಸಿದರು. ಹಕ್ಕುಪತ್ರದ ಗೋಳು ಇನ್ನೂ ಮುಗಿದಿಲ್ಲ. ಕ್ಯಾಮೆರಾ ಹಿಡಿದು ಹೋಗುವ ನಮ್ಮಂಥವರಿಗೆ ಮಾತ್ರ ಬೇಸಿಗೆಯಲ್ಲಿ ನೀರು ಇಳಿದಾಗ ಮೇಲೇಳುವ ಹಳೆಯ ಮಡೆನೂರು ಅಣೆಕಟ್ಟೆಯ ಮೇಲೆಯೇ ಕಣ್ಣು. ಡ್ರೋನ್ ಹಾರಿಸಿದರೆ ಚಂದವೋ ಚಂದ! ಆ ಚಂದದಿಂದ ಯಾರ ಪಹಣಿಯೂ ತಿದ್ದುಪಡಿಯಾಗುವುದಿಲ್ಲ. ಅದರ ಬದಲು ಪಹಣಿಯನ್ನೇ ತೋರಿಸಿ, ನೋಡುವವರು ಓದಿ ಮುಗಿಸುವಷ್ಟು ಹೊತ್ತು.

ನಿಜವಾದ ಅಪಾಯ ಇರುವುದು ಸಲೀಸಾದ ಪ್ರಶ್ನೆಗಳಲ್ಲಿ. ‘ಎಷ್ಟು ಎಕರೆ ಗೇಯ್ತೀರಿ?’ ಎಂದು ನಾವು ಕೇಳುತ್ತೇವೆ, ಅವರು ಹೇಳಿಬಿಡುತ್ತಾರೆ. ಕಾಗದದಲ್ಲಿ ಆ ಜಾಗ ಕಾಡು. ನಾಳೆ ಒತ್ತುವರಿ ಕೇಸಿಗೆ ನಮ್ಮ ಚಿತ್ರವೇ ಸಾಕ್ಷಿಯಾದೀತು. ಸಹಿ ಹಾಕಿಸಿಕೊಂಡ ಒಪ್ಪಿಗೆ ಪತ್ರ ಆಗ ಕಾಪಾಡುವುದು ನಮ್ಮನ್ನೇ ಹೊರತು ಅವರನ್ನಲ್ಲ.

ತೋರಿಸುವುದೆಲ್ಲಿ ಎಂಬ ಚಿಂತೆ ಬೇಡ. ಹೆಗ್ಗೋಡಿನ ನೀನಾಸಂ 1973ರಲ್ಲೇ ಚಿತ್ರಸಮಾಜ ಕಟ್ಟಿ ಹಳ್ಳಿಯವರಿಗೆ ಜಗತ್ತಿನ ಸಿನಿಮಾ ತೋರಿಸಿದ ಸೀಮೆ ಇದು. ಒಂದು ಜಗಲಿ, ಒಂದು ಬಿಳಿ ಪಂಚೆ, ಬಾಡಿಗೆ ಪ್ರೊಜೆಕ್ಟರ್ ಸಾಕು. ಕರೆಂಟು ಇರಬೇಕು, ಅಷ್ಟೆ. ಮಳೆಗಾಲದಲ್ಲಿ ಅದೇ ದೊಡ್ಡ ಷರತ್ತು.

ಹಿನ್ನೀರಿನ ತುಮರಿ ಕಡೆಯ ಅಜ್ಜಿಯೊಬ್ಬರ ಮಾತನ್ನು ನಾನು ಹೀಗೆ ಅವರ ಜಗಲಿಯಲ್ಲೇ ಹಾಕಿ ತೋರಿಸಿದೆ. ಪರಿಹಾರದ ದುಡ್ಡನ್ನು ಮೈದುನ ಕುಡಿದು ಕಳೆದ ಕತೆ ಬಂದಾಗ ಕವಳ ಜಗಿಯುವುದನ್ನು ನಿಲ್ಲಿಸಿದರು. ‘ತಮ್ಮಾ, ಅದೊಂದು ತೆಗೆದುಬಿಡು. ಅವನ ಮೊಮ್ಮಗಳಿಗೆ ಗಂಡು ನೋಡ್ತಾ ಇದಾರೆ’ ಅಂದರು. ಇಡೀ ಚಿತ್ರದಲ್ಲಿ ನನಗೆ ತುಂಬ ಹಿಡಿಸಿದ ತುಣುಕು ಅದೇ ಆಗಿತ್ತು. ಈಗ ಆ ಜಾಗದಲ್ಲಿ ಅಡಿಕೆ ಸುಲಿಯುವ ಅವರ ಕೈಗಳಿವೆ.