ಕಟ್ಟಿದವರೇ ಕೆಡವಿದರು: ಕಝುವೊ ಕಸಹಾರ ಮತ್ತು ಯಾಕುಜಾ ಸಿನಿಮಾ

1960ರ ದಶಕದ ಜಪಾನಿನಲ್ಲಿ ಯಾಕುಜಾ (ಸಂಘಟಿತ ಗೂಂಡಾ ಗುಂಪುಗಳ) ಸಿನಿಮಾ ಎಂದರೆ ಕಥೆ ಹೆಚ್ಚುಕಡಿಮೆ ಒಂದೇ. ಕಿಮೋನೊ ತೊಟ್ಟ ಮರ್ಯಾದಸ್ಥ ಜೂಜುಕೋರ, ಅವನನ್ನು ಕೆಣಕುತ್ತಲೇ ಇರುವ ದುರಾಸೆಯ ಎದುರಾಳಿ, ಕೊನೆಯ ರೀಲಿನವರೆಗೂ ಸೈರಣೆ, ಆಮೇಲೆ ಕತ್ತಿ. ಕೋಜಿ ತ್ಸುರುತ, ಕೆನ್ ತಕಕುರ ನಟಿಸಿದ ಇಂಥ ಚಿತ್ರಗಳಿಂದ ತೋಯೆ ಎಂಬ ಚಿತ್ರನಿರ್ಮಾಣ ಕಂಪನಿ ಚೆನ್ನಾಗಿ ದುಡಿಯಿತು. ಅವುಗಳನ್ನು ಬರೆದವರಲ್ಲಿ ಮುಂಚೂಣಿಯಲ್ಲಿದ್ದವರು ಕಝುವೊ ಕಸಹಾರ (1927–2002). ಆ ಮಾದರಿಗೆ ಗೋರಿ ತೋಡಿದವರೂ ಅವರೇ.

ತೋಯೆಯ ಪ್ರಚಾರ ವಿಭಾಗದಿಂದ ಚಿತ್ರಕಥೆಗೆ ಬಂದ ಕಸಹಾರರಿಗೆ ಈ ಶೌರ್ಯದ ಬಗ್ಗೆ ಮೊದಲಿನಿಂದಲೂ ಅನುಮಾನ ಇದ್ದಿರಬೇಕು. 1968ರ 'ಬಕುಚಿಉಚಿ: ಸೋಚೊ ತೊಬಕು' ಚಿತ್ರದಲ್ಲಿ ಗುಂಪಿನ ಗಾದಿಗಾಗಿ ಜಗಳ ಹುಟ್ಟುತ್ತದೆ, ಕಟ್ಟಳೆಯನ್ನು ಚಾಚೂ ತಪ್ಪದೆ ಪಾಲಿಸಿದ ನಾಯಕನ ಕೈಯಲ್ಲೇ ಆಪ್ತರು ಸಾಯುತ್ತಾರೆ. ಧರ್ಮ ಗಿರ್ಮ ತನಗಿಲ್ಲ, ತಾನು ಬರೀ ಕೊಲೆಗಾರ ಎಂದು ಅವನು ಕೊನೆಗೆ ಹೇಳಿಬಿಡುತ್ತಾನೆ. ಮರುವರ್ಷ ಕಾದಂಬರಿಕಾರ ಯುಕಿಯೊ ಮಿಶಿಮಾ ಈ ಚಿತ್ರವನ್ನು ಮನಸಾರೆ ಹೊಗಳಿ ಬರೆದರು. ಬಿರುಕು ಬಿಟ್ಟದ್ದು ಇಲ್ಲೇ.

ಗೋಡೆ ಉರುಳಿದ್ದು 1973ರಲ್ಲಿ. ಕುರೆ ಪಟ್ಟಣದ ಯಾಕುಜಾ ಮುಖಂಡ ಕೋಝೊ ಮಿನೊ ಜೈಲಿನಲ್ಲಿ ಬರೆದಿಟ್ಟ ನೆನಪುಗಳನ್ನು ಆಧರಿಸಿ ಕೋಇಚಿ ಇಇಬೊಶಿ ಒಂದು ವಾರಪತ್ರಿಕೆಯಲ್ಲಿ ಲೇಖನಮಾಲೆ ಬರೆಯುತ್ತಿದ್ದರು. ಕಸಹಾರ ನೇರವಾಗಿ ಮಿನೊ ಮನೆಗೇ ಹೋದರು. ಸಿನಿಮಾ ಎಂದೊಡನೆ ಮಿನೊ ಮುಖ ತಿರುಗಿಸಿದರು. ಮಾತಿನ ನಡುವೆ, ಎರಡನೇ ಮಹಾಯುದ್ಧದ ಕೊನೆಯ ದಿನಗಳಲ್ಲಿ ಇಬ್ಬರೂ ಹಿರೋಶಿಮಾ ಪ್ರಾಂತ್ಯದ ಓತಾಕೆ ನೌಕಾ ತರಬೇತಿ ಶಿಬಿರದಲ್ಲಿದ್ದವರು ಎಂಬುದು ತಿಳಿಯಿತು. ಅಲ್ಲಿಂದಾಚೆಗೆ ಮಿನೊ ಬಾಯಿ ಬಿಟ್ಟರು.

ಕಿಂಜಿ ಫುಕಸಾಕು ನಿರ್ದೇಶನದಲ್ಲಿ ತೆರೆಗೆ ಬಂದ 'ಜಿಂಗಿ ನಕಿ ತತಕಾಯ್' (ಮರ್ಯಾದೆಯಿಲ್ಲದ ಕಾಳಗ) ಹುಟ್ಟಿದ್ದು ಹೀಗೆ. ಅದರ ಒಂದು ದೃಶ್ಯ ಸಾಕು. ತಪ್ಪೊಪ್ಪಿಗೆಯಾಗಿ ನಾಯಕ ಬೆರಳು ಕತ್ತರಿಸಿಕೊಳ್ಳಬೇಕು, ಆದರೆ ಹೇಗೆ ಕತ್ತರಿಸಬೇಕೆಂದು ಅಲ್ಲಿದ್ದ ಗಂಡಸರಿಗೆ ಗೊತ್ತಿಲ್ಲ! ಒಡೆಯನ ಹೆಂಡತಿಯೇ ಹೇಳಿಕೊಡಬೇಕಾಗುತ್ತದೆ. ತುಂಡಾದ ಬೆರಳು ಎಲ್ಲಿಗೋ ಹಾರುತ್ತದೆ, ಎಲ್ಲರೂ ಅಂಗಳದಲ್ಲಿ ತಡಕಾಡುತ್ತಾರೆ, ಕೊನೆಗೆ ಅದು ಕೋಳಿಗೂಡಿನಲ್ಲಿ ಸಿಗುತ್ತದೆ. ಹತ್ತು ವರ್ಷ ಬೆಳ್ಳಿತೆರೆಯ ಮೇಲೆ ಗಂಭೀರವಾಗಿ ನಡೆದ ವಿಧಿ ನಗೆಪಾಟಲಾಗಲು ಇಷ್ಟೇ ಹೊತ್ತು ಸಾಕಾಯಿತು. ಒಡೆಯ ಯಾಮಮೊರಿಯಂತೂ ಕಷ್ಟ ಬಂದಾಗ ಗೊಳೋ ಎಂದು ಅತ್ತು ಹುಡುಗರನ್ನು ಸಾಯಲು ಕಳಿಸುವ ಆಸಾಮಿ. ಇಂಥವನನ್ನು ಕಸಹಾರ ಯಾಕುಜಾಗಳಿಂದ ಮಾತ್ರವೇ ಕಲಿತರು ಎಂದು ನನಗನ್ನಿಸುವುದಿಲ್ಲ. ಹದಿಹರೆಯದಲ್ಲೇ ಸಮವಸ್ತ್ರ ತೊಟ್ಟವರಿಗೆ ಆ ಜಾತಿಯ ಹಿರಿಯರು ಹೊಸಬರಲ್ಲ.

1974ರ ಜೂನ್ ಒಳಗೆ ಸರಣಿಯ ಐದು ಚಿತ್ರಗಳು ಬಂದವು. ನಾಲ್ಕು ಕಸಹಾರರವು, ಐದನೆಯದು ಕೋಜಿ ತಕಾದ ಬರೆದದ್ದು. 1975ರ 'ಕೆಂಕೇ ತಾಯ್ ಸೊಶಿಕಿ ಬೋರ್ಯೊಕು' ಪೊಲೀಸರಿಗೂ ಗೂಂಡಾಗಳಿಗೂ ಇದ್ದ ಒಳನಂಟನ್ನು ಬಯಲಿಗೆಳೆಯಿತು. 1980ರ ದಶಕದಲ್ಲಿ ಅವರು ದೊಡ್ಡ ಯುದ್ಧಚಿತ್ರಗಳನ್ನು ಬರೆದರು.

ಇನ್ನೊಂದು ಕಥೆ ಉಳಿದಿತ್ತು. 1868ರಲ್ಲಿ ಶುರುವಾದ ಜಪಾನಿನ ಅಂತರ್ಯುದ್ಧವಾದ ಬೋಶಿನ್ ಯುದ್ಧದಲ್ಲಿ ಕೋಟೆ ಕಾಯಲು ನಿಂತ ಕೈದಿಗಳ ಬಗ್ಗೆ 1964ರಲ್ಲೇ ಕಸಹಾರ ಸುಮಾರು 350 ಹಾಳೆಗಳ ಚಿತ್ರಕಥೆ ಬರೆದಿದ್ದರು. ಎಲ್ಲರೂ ಸಾಯುವ ಅಂತ್ಯ ತೋಯೆಯ ಮುಖ್ಯಸ್ಥರಲ್ಲೊಬ್ಬರಾದ ಶಿಗೆರು ಒಕಾದರಿಗೆ ಹಿಡಿಸಲಿಲ್ಲ. ಸಿಟ್ಟಿಗೆದ್ದ ಕಸಹಾರ ಹಸ್ತಪ್ರತಿಯನ್ನು ಹರಿದೆಸೆದರು. ಉಳಿದ ಕಥಾಸಾರಾಂಶವನ್ನು ಆಧರಿಸಿ ನಿರ್ದೇಶಕ ಕಝುಯ ಶಿರಾಇಶಿ 2024ರಲ್ಲಿ ಚಿತ್ರ ಮಾಡಿದರು; ಅದನ್ನು ಬಿಡುಗಡೆ ಮಾಡಿದ್ದು ಅದೇ ತೋಯೆ.